ದೇವರಿಗೆಂದು ಆರಿಸಿದ ಹಳದಿ

ಮಕ್ತಲ
13 ನವೆಂಬರ್ 2025, ಗುರುವಾರ

ಪ್ರೀತಿಯ ಶಿವಗಂಗಾ,

ನೀನು ಕ್ಷೇಮವೆಂದು ನನಗೆ ಗೊತ್ತು. ಮೊನ್ನೆ ಫೋನಿನಲ್ಲಿ ಅರ್ಧ ಗಂಟೆ ಮೊಣಕಾಲು ನೋವನ್ನೇ ವರ್ಣಿಸಿದೆ. ಅಷ್ಟು ಉಸಿರಿರುವವಳಿಗೆ ಏನೂ ಆಗುವುದಿಲ್ಲ. ನಾನೂ ಗಟ್ಟಿಯಾಗಿದ್ದೇನೆ. ನಿನ್ನ ಕಾಗದ ಬಂದು ತಿಂಗಳಾಯಿತು, ಉತ್ತರ ಬರೆಯಲಿಲ್ಲವೆಂದು ಮನಸಾರೆ ಬೈದುಕೋ. ಗದ್ವಾಲದಲ್ಲಿ ನನಗೆ ಸನ್ಮಾನವೆಂದೂ, ಅಲ್ಲಿ ಹಂಚುವ ಪುಸ್ತಕಕ್ಕೆ ನನ್ನ ಜೀವನವನ್ನು ಒಂದು ಪುಟದಲ್ಲಿ ಬರೆದು ಕಳಿಸಬೇಕೆಂದೂ ಕೇಳಿದ್ದೆ. ಬರೆಯಲು ಕೂತಾಗಲೆಲ್ಲ ಇನ್ನೊಂದು ವಿಷಯ ಅಡ್ಡ ಬರುತ್ತಿತ್ತು. ಅದು ಖಾತ್ರಿಯಾಗದೆ ನಿನಗೆ ಬರೆಯಬಾರದೆಂದು ಕಾದೆ. ನಿನ್ನೆ ಖಾತ್ರಿಯಾಯಿತು. ಫೋನಿನಲ್ಲಿ ನಿನ್ನ ದನಿ ಕೇಳಿದರೆ ನಾನು ಬೇರೆ ಏನಾದರೂ ಹರಟಿ ಇಟ್ಟುಬಿಡುತ್ತೇನೆ, ಅದಕ್ಕೇ ಈ ಕಾಗದ.

ಮೊದಲು ನೀನು ಕೇಳಿದ್ದು. ಹೆಸರು ಮೈಲಮ್ಮ. ತಂದೆ ಮೈಲಾರಲಿಂಗ, ಕುರಿ ಕಾಯುತ್ತಿದ್ದವರು, ನಮ್ಮೂರ ಬೀರಪ್ಪನ ಪೂಜಾರಿ. ನಮ್ಮ ಅವ್ವ ಆರತಿ ನೀರಿಗೆ ಅರಿಶಿನ ಕದಡಿ ಒಂದಿಷ್ಟು ಸುಣ್ಣ ಹಾಕಿದ ಕೂಡಲೇ ಹಳದಿ ನೀರು ಕೆಂಪಾಗುವುದನ್ನು ನೋಡಿ, ಯಾಕೆ ಎಂದು ಕೇಳಿದೆ. "ಸುಣ್ಣ ಹಾಕಿದ್ರ ಕೆಂಪಾಗತೈತಿ, ಅದಕ್ಕ" ಅಂದಳು. ಆ ಉತ್ತರ ನನಗೆ ಸಾಲಲಿಲ್ಲ. ನನ್ನ ರಸಾಯನಶಾಸ್ತ್ರ ಶುರುವಾದದ್ದು ಅಲ್ಲೇ ಎಂದು ಧಾರಾಳವಾಗಿ ಅಚ್ಚು ಹಾಕಿಸು. ಗದ್ವಾಲ ಕಾಲೇಜಿನಲ್ಲಿ ನೀನು ಆಸಿಡ್ ಚೆಲ್ಲಿ ನನ್ನ ಇದ್ದೊಂದು ಒಳ್ಳೆಯ ಲಂಗವನ್ನು ತೂತು ಮಾಡಿದ್ದನ್ನು ಮಾತ್ರ ಬಿಟ್ಟುಬಿಡು, ಸನ್ಮಾನ ಸಮಿತಿಯ ಅಧ್ಯಕ್ಷೆಯಾದ ನಿನ್ನ ಮರ್ಯಾದೆಯ ಪ್ರಶ್ನೆ.

ಎಂ.ಎಸ್ಸಿ.ಗೆ ಹೈದರಾಬಾದಿನಲ್ಲಿ ಸೀಟು ಸಿಕ್ಕ ವರ್ಷವೇ ಮನೆಯಲ್ಲಿ ಸೋದರಮಾವನ ಮಗನ ಜೊತೆ ನನ್ನ ಮದುವೆ ಗೊತ್ತು ಮಾಡಿದ್ದರು. ನಾನು ಒಲ್ಲೆನೆಂದು ಬಸ್ಸು ಹತ್ತಿದೆ. ಅಪ್ಪ ಹೊಡೆಯಲಿಲ್ಲ, ಬೈಯಲೂ ಇಲ್ಲ. "ಗುಡಿಗೆ ಬಾ, ಬ್ಯಾಡ ಅನ್ನಲ್ಲ. ಭಂಡಾರ ಮಾತ್ರ ನಿನಗಿಲ್ಲ" ಅಂದರು. ನಿಮ್ಮ ಮನೆಯಲ್ಲಿ ವಿಭೂತಿ ಹೇಗೋ ನಮಗೆ ಭಂಡಾರ ಹಾಗೆ. ಪೂಜಾರಿ ಹಣೆಗೆ ಹಚ್ಚಿ ನಾಲಿಗೆಗೊಂದು ಚಿಟಿಕೆ ಹಾಕುವ ಆ ಅರಿಶಿನವಿಲ್ಲದೆ ನಮ್ಮಲ್ಲಿ ಹೆಸರಿಡುವುದಿಲ್ಲ, ಮಣ್ಣು ಮಾಡುವುದೂ ಇಲ್ಲ. ಆಮೇಲೆ ಊರಿಗೆ ಹೋದಾಗಲೆಲ್ಲ ಗುಡಿಗೆ ಹೋದೆ, ಸಾಲಿನಲ್ಲಿ ನಿಂತೆ. ಅಪ್ಪ ನನ್ನ ಪಕ್ಕದವರಿಗೆ ಹಚ್ಚಿ, ನನ್ನನ್ನು ಬಿಟ್ಟು, ಆಚೆಯವರಿಗೆ ಹಚ್ಚುತ್ತಿದ್ದರು. ಅವರು ತೀರಿಕೊಂಡ ಮೇಲೆ ತಮ್ಮ ಬಾಲಯ್ಯ ಪೂಜಾರಿಯಾದ, ಅವನೂ ಅಪ್ಪನ ಮಾತನ್ನೇ ನಡೆಸಿದ. ನಾನು ಜಗಳವಾಡಲಿಲ್ಲ, ನಿಲ್ಲುವುದನ್ನೂ ಬಿಡಲಿಲ್ಲ.

ಹೈದರಾಬಾದಿನ ಪ್ರಯೋಗಾಲಯದಲ್ಲಿ ನನಗೆ ಸಿಕ್ಕ ವಿಷಯವೂ ಹಳದಿಯೇ. ಗಿಡಮೂಲದ ಹಳದಿ ಬಣ್ಣ ಬಿಸಿಲಿಗೆ ಮಾಸದಂತೆ ಹಿಡಿದಿಡುವುದು ಹೇಗೆ ಎಂಬುದರ ಮೇಲೆ ಪಿಎಚ್.ಡಿ. ಮಾಡಿದೆ. ಕುರುಬರ ಹುಡುಗಿಗೆ ಬಣ್ಣದ ಹುಚ್ಚು ಎಲ್ಲಿಂದ ಬಂತೆಂದು ನಮ್ಮ ಮೇಲಧಿಕಾರಿ ನಗುತ್ತಿದ್ದ. ಖಾಯಂ ಕೆಲಸ ಕೊಡಲು ವರ್ಷಗಟ್ಟಲೆ ಸತಾಯಿಸಿದ. ನಾನು ಸಂಬಳದ ಬಗ್ಗೆ ತಕರಾರು ಬರೆಯುತ್ತಲೇ ಕೆಲಸ ಮಾಡಿದೆ. ಮಾತ್ರೆಗಳ ಮೇಲಿನ ಬಣ್ಣದ ಪದರಕ್ಕೆ ಗಿಡದ ಹಳದಿಯನ್ನು ಬಳಸುವ ವಿಧಾನ ನನ್ನದು. ಬಣ್ಣಗಳಲ್ಲಿ ಸೇರಿಕೊಂಡ ಲೋಹವನ್ನು ಬೇಗ ಹಿಡಿದುಕೊಡುವ ಪರೀಕ್ಷೆಯೂ ನನ್ನದೇ, ಅದನ್ನು ಈಗ ಬೇರೆ ದೇಶಗಳಲ್ಲೂ ಮಾಡುತ್ತಾರೆ. ದಿಲ್ಲಿಯಲ್ಲಿ ಪ್ರಶಸ್ತಿ ಕೊಟ್ಟಾಗ ಅದೇ ಅಧಿಕಾರಿ ಮೊದಲ ಸಾಲಿನಲ್ಲಿ ಕೂತು ಚಪ್ಪಾಳೆ ಹೊಡೆದ. ನನಗೆ ತುಂಬಾ ಖುಷಿಯಾಯಿತು, ಸುಳ್ಳು ಯಾಕೆ ಹೇಳಲಿ. ಮದುವೆಯಾಗಲಿಲ್ಲ. ಅದರ ಬಗ್ಗೆ ಯಾರಾದರೂ ಕೇಳಿದರೆ ಪುರುಸೊತ್ತಾಗಲಿಲ್ಲ ಅಂತ ಹೇಳು.

ಇಷ್ಟು ನಿನ್ನ ಪುಸ್ತಕಕ್ಕೆ. ಇನ್ನು ಬರೆಯುವುದು ನಿನಗೊಬ್ಬಳಿಗೆ.

ನಿವೃತ್ತಿಯಾಗಿ ಮಕ್ತಲಕ್ಕೆ ಬಂದು ಮನೆ ಮಾಡಿದ ಮೇಲೆ ಬಾಲಯ್ಯನ ಮೊಮ್ಮಗಳು ಅಖಿಲಾ ನನಗೆ ಅಂಟಿಕೊಂಡಳು. ಮಗುವಿಗೆ ಎರಡು ವರ್ಷ ದಾಟಿದೆ, ಮಾತು ಬಂದಿಲ್ಲ. ಹೊಟ್ಟೆ ಹಿಡಿದುಕೊಂಡು ಅಳುತ್ತಾಳೆ, ಉಣ್ಣುವುದಿಲ್ಲ, ಮುಖ ಬಿಳಿಚಿಕೊಂಡಿದೆ. ದೃಷ್ಟಿ ಅಂದರು, ಹುಳ ಅಂದರು. ಬಾಲಯ್ಯನಿಗೆ ಅವಳೆಂದರೆ ಪ್ರಾಣ. ದಿನಾ ಬೆಳಗ್ಗೆ ಪೂಜೆ ಮುಗಿಸಿ ಬಂದು, ಬೇಗ ಗುಣವಾಗಲೆಂದು ಎಲ್ಲರಿಗಿಂತ ಹೆಚ್ಚು ಭಂಡಾರವನ್ನು ಅವಳ ನಾಲಿಗೆಗೆ ಹಾಕುತ್ತಿದ್ದ.

ದಸರೆ ಆದ ಮೇಲೆ ಒಂದು ದಿನ ಅವನೇ ನನ್ನ ಮನೆಗೆ ಬಂದ. ಹೊಸ್ತಿಲ ಹೊರಗೇ ನಿಂತು, ಅಪ್ಪನ ಮಾತು ಅಪ್ಪನ ಜೊತೆಗೇ ಹೋಯಿತೆಂದೂ ಭಾನುವಾರ ಗುಡಿಗೆ ಬರಬೇಕೆಂದೂ ಹೇಳಿದ. ಹೋದೆ. ಊರ ಮುಂದೆ, ಎಲ್ಲರೂ ನೋಡುತ್ತಿದ್ದಂತೆ ತಮ್ಮ ನನ್ನ ಹಣೆಗೆ ಭಂಡಾರ ಹಚ್ಚಿದ. ನನಗೆ ಕಣ್ಣು ತುಂಬಿ ಬಂತು. ಮೂಗಿನ ಮೇಲೆ ಉದುರಿದ ಪುಡಿಗೆ ಅರಿಶಿನದ ವಾಸನೆಯೇ ಇರಲಿಲ್ಲ, ಶಿವೀ. ನಾನು ಇಡೀ ಆಯುಷ್ಯ ಹಳದಿಯ ಜೊತೆಯೇ ಬದುಕಿದವಳು, ಆ ಹೊಳಪು ಯಾವುದೆಂದು ತಕ್ಷಣ ಗೊತ್ತಾಯಿತು.

ಸ್ವಲ್ಪ ಪುಡಿಯನ್ನು ಮನೆಗೆ ತಂದು ಗಾಜಿನ ಲೋಟದಲ್ಲಿ ಸ್ಪಿರಿಟ್ ಹಾಕಿ ಕಲಕಿದೆ. ಅರಿಶಿನವಾದರೆ ಅದರ ಹಳದಿಯೆಲ್ಲ ಕರಗಿ ಸ್ಪಿರಿಟ್‌ಗೆ ಇಳಿಯಬೇಕು, ತಳದಲ್ಲಿ ಮಾಸಲು ಚರಟ ಉಳಿಯಬೇಕು. ಇಲ್ಲಿ ಎಷ್ಟು ತೊಳೆದರೂ ತಳದಲ್ಲಿ ಭಾರವಾದ ಹಳದಿ ಕೂತೇ ಇತ್ತು. ಅದು ಗೋಡೆಗೆ ಬಳಿಯುವ ಬಣ್ಣ, ಸೀಸದ್ದು. ನನ್ನ ಹಳೆಯ ಶಿಷ್ಯ ಸುರೇಂದರ್‌ಗೆ ಹೈದರಾಬಾದಿಗೆ ಕಳಿಸಿದೆ. ನನ್ನ ಪರೀಕ್ಷೆಯೇ ತಪ್ಪಾಗಿರಲಿ ಎಂದು ಹಾರೈಸಿದ್ದು ಜನ್ಮದಲ್ಲಿ ಅದೊಂದೇ ಸಲ. ನಿನ್ನೆ ಅವನ ವರದಿ ಬಂತು, ಅಖಿಲಾಳ ರಕ್ತದ ವರದಿಯೂ ಬಂತು. ಎರಡರಲ್ಲೂ ಸೀಸ. ಒಳಗೆ ಹೋಗುವುದು ನಿಂತರೆ ಚೇತರಿಕೆಗೆ ದಾರಿಯಿದೆ, ಆದರೆ ಆದ ಹಾನಿಯೆಷ್ಟು ಎಂದು ಈಗಲೇ ಹೇಳಲಾಗದು ಎಂದರು ಡಾಕ್ಟರು. ಬಾಲಯ್ಯ ಆಸ್ಪತ್ರೆಯ ಗೋಡೆಗೆ ಒರಗಿ ತನ್ನ ಕೈಯನ್ನೇ ನೋಡುತ್ತಾ ಕೂತ.

ಈಗ ಗಟ್ಟಿಯಾಗಿ ಕೂತು ಓದು. ಬೀರಪ್ಪನಿಗೆ ಭಂಡಾರ ಬರುವುದು ನಿಮ್ಮ ಅಂಗಡಿಯಿಂದ.

ನಿಮ್ಮ ಯಜಮಾನರಿಗೆ ಇದು ಗೊತ್ತು. ಗುಡಿಯಲ್ಲೇ ಯಾರಾದರೂ ಬೆರೆಸಿರಬಹುದೆಂಬ ಆಸೆಯಿಂದ ಹೋದ ವಾರ ನೀನು ರಾಯಚೂರಿಗೆ ಹೋಗಿದ್ದಾಗ ಗದ್ವಾಲಕ್ಕೆ ಬಂದು, ಅಂಗಡಿಯ ಚೀಲದಿಂದಲೇ ಪುಡಿ ತೆಗೆದು ಅವರೆದುರಿಗೆ ಅದೇ ಪರೀಕ್ಷೆ ಮಾಡಿದೆ. ದೇವೇಂದ್ರಪ್ಪನವರು ಬೆವರಿಬಿಟ್ಟರು. "ದೇವ್ರಿಗೆ ಕೊಡೋದ್ರಾಗ ಮೋಸ ಮಾಡ್ತೀನೇನ್ರೀ ಅಕ್ಕಾರ? ಹತ್ತು ಚೀಲ ಬಿಚ್ಚಿ, ಎಲ್ಲಾಕಿಂತ ಬಣ್ಣ ಇರೋದನ್ನ ಆರಿಸಿ ಬೀರಪ್ಪಗ ಕಳಸ್ತೀನ್ರೀ" ಅಂದರು. ನಾನು ಅದನ್ನು ನಂಬುತ್ತೇನೆ. ಭಕ್ತಿಯಿಂದಲೇ ಆರಿಸಿದ್ದಾರೆ, ಭಕ್ತಿಯಿಂದಲೇ ಪುಕ್ಕಟೆ ಕೊಟ್ಟಿದ್ದಾರೆ. ಹಾಗಾಗಿಯೇ ಎಲ್ಲಕ್ಕಿಂತ ಹೆಚ್ಚು ವಿಷವಿದ್ದ ಚೀಲ ಪ್ರತಿ ಸಲವೂ ದೇವರ ಮನೆಗೆ ಬಂದಿದೆ. ಆಮೇಲೆ ಅವರು, ಸನ್ಮಾನ ಒಂದು ಮುಗಿಯಲಿ, ಖರ್ಚೆಲ್ಲ ತಾವೇ ಹೊತ್ತಿರುವುದು, ಊರ ತುಂಬ ಬ್ಯಾನರ್ ಕಟ್ಟಿಸಿದ್ದಾಗಿದೆ, ಅಲ್ಲಿಯವರೆಗೆ ಬಾಯಿ ಬಿಡಬೇಡಿ ಎಂದು ಕೇಳಿಕೊಂಡರು. ನಿನಗೆ ಹೇಳಬೇಡಿ ಎಂದೂ ಕೇಳಿಕೊಂಡರು. ಎರಡಕ್ಕೂ ನಾನು ಆಗಲಿ ಅನ್ನಲಿಲ್ಲ.

ಇವತ್ತು ಬೆಳಗ್ಗೆ ನಾರಾಯಣಪೇಟೆಗೆ ಹೋಗಿ ಆಹಾರ ಇಲಾಖೆಯಲ್ಲಿ ದೂರು ಕೊಟ್ಟು ಬಂದೆ. ಅಂಗಡಿ ನಿಮ್ಮ ಜಿಲ್ಲೆಯದು, ಆದ್ದರಿಂದ ನಾಳೆ ಗದ್ವಾಲದಲ್ಲೂ ಕೊಡುತ್ತೇನೆ. ಈ ಕಾಗದವನ್ನು ಪಕ್ಕದ ಮನೆಯ ಲಕ್ಷ್ಮಣ್ ಕೈಯಲ್ಲಿ ಇವತ್ತೇ ಕಳಿಸುತ್ತಿದ್ದೇನೆ, ಅಧಿಕಾರಿಗಳು ಬರುವ ಮೊದಲು ನೀನು ನನ್ನಿಂದಲೇ ತಿಳಿಯಬೇಕು. ನಿನ್ನನ್ನು ಕೇಳುವುದಿಷ್ಟೇ. ಅಂಗಡಿಯ ಅರಿಶಿನವನ್ನು ಇವತ್ತೇ ಪಕ್ಕಕ್ಕಿಟ್ಟು ಬೀಗ ಹಾಕಿಸು. ಆ ಚೀಲಗಳು ಎಲ್ಲಿಂದ ಬಂದವೆಂದು ದೇವೇಂದ್ರಪ್ಪನವರು ತಾವಾಗಿಯೇ ಹೇಳಲಿ. ಐಜ, ಗಟ್ಟು, ರಾಜೋಳಿ ಊರುಗಳಲ್ಲಿ ನಿಮ್ಮ ಅರಿಶಿನ ಎಷ್ಟು ಮಕ್ಕಳ ಹಾಲಿಗೆ ಬೀಳುತ್ತಿದೆಯೋ ಯೋಚಿಸು.

ಸನ್ಮಾನಕ್ಕೆ ಬರುವುದಿಲ್ಲ ಎಂದುಕೊಂಡಿದ್ದೆ. ಈಗ ಬರುತ್ತೇನೆ. ಶಾಲು, ಹಾರ ಬೇಡ. ವೇದಿಕೆಯ ಮೇಲೆ ಎರಡು ಗಾಜಿನ ಲೋಟ, ಒಂದು ಬಾಟಲಿ ಸ್ಪಿರಿಟ್ ಇರಲಿ, ಭಾಷಣದ ಬದಲು ಆ ಪರೀಕ್ಷೆಯನ್ನೇ ಮಾಡಿ ತೋರಿಸುತ್ತೇನೆ. ಒಂದು ಲೋಟವನ್ನು ದೇವೇಂದ್ರಪ್ಪನವರು ಹಿಡಿಯಲಿ. ಮೋಸ ಹೋದವರಲ್ಲಿ ಇವರೂ ಒಬ್ಬರೆಂದು ನಾನೇ ಮೈಕಿನಲ್ಲಿ ಹೇಳುತ್ತೇನೆ, ಅದು ನಿಜವೂ ಹೌದು. ಅವರು ಹಿಡಿಯದಿದ್ದರೆ ಎರಡನ್ನೂ ನಾನೇ ಹಿಡಿಯುತ್ತೇನೆ. ನನ್ನನ್ನು ವೇದಿಕೆ ಹತ್ತಿಸದಿದ್ದರೆ ನಿಮ್ಮ ಅಂಗಡಿಯ ಮುಂದೆ, ಬೀದಿಯಲ್ಲೇ ಮಾಡುತ್ತೇನೆ. ಇದರಿಂದ ನಿನ್ನ ಸ್ನೇಹ ಹೋದರೆ ನನ್ನ ವಯಸ್ಸಿನಲ್ಲಿ ಇನ್ನೊಬ್ಬ ಗೆಳತಿ ಸಿಗುವುದಿಲ್ಲ, ಅದು ಗೊತ್ತಿದ್ದೇ ಬರೆಯುತ್ತಿದ್ದೇನೆ. ಗೊತ್ತಾದ ಮೇಲೆ ಸುಮ್ಮನಿರಲು ನನ್ನಿಂದಾಗದು.

ಮೊಣಕಾಲಿಗೆ ಎಳ್ಳೆಣ್ಣೆ ತಿಕ್ಕಿಸಿಕೋ. ಮಕ್ಕಳು ಮೊಮ್ಮಕ್ಕಳೆಲ್ಲ ತಣ್ಣಗಿರಲಿ, ಬೀರಪ್ಪನೂ ನಿಮ್ಮ ಸಂಗಮೇಶನೂ ನಿಮ್ಮ ಮನೆಯನ್ನು ಕಾಯಲಿ. ಮೊಮ್ಮಗನ ರಕ್ತವನ್ನೂ ಒಮ್ಮೆ ಪರೀಕ್ಷೆ ಮಾಡಿಸು, ತಡ ಮಾಡಬೇಡ.

ನಿನ್ನ ಅದೇ ಹಟಮಾರಿ,
ಮೈಲಮ್ಮ

ಮರೆತ ಮಾತು: ಮರೆತಿರಲಿಲ್ಲ, ಬರೆಯಲು ಕೈ ಬಂದಿರಲಿಲ್ಲ. ಆ ಪುಡಿಯನ್ನು ಮನೆಗೆ ತಂದದ್ದು ಹೇಗೆಂದು ನೀನು ಕೇಳಿಯೇ ಕೇಳುತ್ತೀ. ಬಾಲಯ್ಯ ಹಚ್ಚಿದ ಬೆರಳು ತೆಗೆಯುವುದರೊಳಗೆ, ಊರವರೆಲ್ಲ ನೋಡುತ್ತಿರುವಾಗಲೇ, ನಾನು ಸೆರಗಿನ ತುದಿಯಿಂದ ಹಣೆಯನ್ನು ಒರೆಸಿ ಗಂಟು ಕಟ್ಟಿಕೊಂಡೆ. ಮುಂದೆ ನಿಂತಿದ್ದ ಮಗುವಿಗೆ ಹಾಕಲು ಅವನು ಚಿಟಿಕೆ ಎತ್ತಿದ್ದ, ಆ ಕೈಯನ್ನೂ ಹಿಡಿದು ನಿಲ್ಲಿಸಿದೆ, ಇದರಲ್ಲಿ ವಿಷವಿದೆ, ವರದಿ ಬರುವವರೆಗೆ ಯಾರ ನಾಲಿಗೆಗೂ ಹಾಕಬೇಡ ಅಂದೆ. ನಿನ್ನೆ ವರದಿ ಓದಿ ಹೇಳಿದಾಗ ಅವನು ಭಂಡಾರದ ಪೆಟ್ಟಿಗೆಯನ್ನು ತಾನೇ ಹೊತ್ತೊಯ್ದು ಮುಚ್ಚಿ ಮೊಹರು ಮಾಡಿಸಿದ. ಆಮೇಲೆ, "ನೀ ಹೇಳಿದ್ದೆಲ್ಲಾ ಖರೇ ಐತಿ ಅಕ್ಕಾ. ಆದ್ರ ಅವತ್ತು ನೀ ಒರಸಿಕೊಂಡಿದ್ದು ನನ್ನ ಕೈ" ಅಂದ. ಮತ್ತೆ ಮಾತಾಡಿಲ್ಲ. ಎಷ್ಟು ವರ್ಷ ಕಾದಿದ್ದೆನೆಂದು ನಿನಗೆ ಗೊತ್ತು, ಆ ಭಂಡಾರ ನನ್ನ ಹಣೆಯ ಮೇಲೆ ರೆಪ್ಪೆ ಬಡಿಯುವಷ್ಟು ಹೊತ್ತು ಇತ್ತು. ಅರಿಶಿನದ ಕೊಂಬು ತರಿಸಿ ಒರಳಲ್ಲಿ ನಾನೇ ಕುಟ್ಟಿದ್ದೇನೆ, ಬಣ್ಣ ಮಂಕು, ಮನೆಯೆಲ್ಲ ವಾಸನೆ. ಗುಡಿಗೆ ಕಳಿಸಿದೆ, ಅವನು ಇಟ್ಟುಕೊಂಡಿದ್ದಾನಂತೆ. ಭಾನುವಾರ ಹಣೆ ತೊಳೆದುಕೊಂಡು ಹೋಗಿ ಸಾಲಿನಲ್ಲಿ ನಿಲ್ಲುತ್ತೇನೆ. ಹಚ್ಚುತ್ತಾನೋ, ಅಪ್ಪನ ಹಾಗೆ ಬಿಟ್ಟು ಮುಂದಿನವರಿಗೆ ಹೋಗುತ್ತಾನೋ ಗೊತ್ತಿಲ್ಲ. ನೀನು ಬಂದು ನನ್ನ ಪಕ್ಕದಲ್ಲಿ ನಿಂತರೆ ನನಗೆ ಅಷ್ಟು ಸಾಕು.