ದಡದಲ್ಲಿ ಅತ್ತವರು

ಮಾರ್ಚ್ ೧೪, ಶುಕ್ರವಾರ

ಅಕ್ಕಾ,

ನಿನ್ನೆ ನಿನ್ನ ಮಾತು ಮುಗಿಯುವ ಮೊದಲೇ ಫೋನ್ ಇಟ್ಟುಬಿಟ್ಟೆ. ಸಿಟ್ಟು ಇನ್ನೂ ಇಳಿದಿಲ್ಲ, ಆದರೂ ಬರೆಯುತ್ತಿದ್ದೇನೆ. ಬರೆದರೆ ನಿನಗೆ ನಡುವೆ ಬಾಯಿ ಹಾಕಲು ಆಗುವುದಿಲ್ಲ.

ನಿನ್ನ ಸಾಕ್ಷ್ಯಚಿತ್ರಕ್ಕೆ ಹಳೆಯ ದೃಶ್ಯ ಹುಡುಕುವುದು ಅಟ್ಟದಿಂದ ಪಾತ್ರೆ ಇಳಿಸಿದಷ್ಟು ಸುಲಭ ಎಂದುಕೊಂಡಿದ್ದೀಯ. ನಲವತ್ತು ವರ್ಷದ ಹಿಂದೆ ದೋಣಿ ಮುಳುಗಿದ ದಿನ ದಡದಲ್ಲಿ ಎದೆ ಬಡಿದುಕೊಂಡು ಅಳುವ ಹೆಂಗಸಿನ ಆ ಏಳು ಸೆಕೆಂಡು, ಎಲ್ಲರೂ ಬಳಸಿ ಬಳಸಿ ಮಸುಕಾದದ್ದು, ನಿನಗೆ ಸ್ವಚ್ಛವಾಗಿ ಬೇಕು. ಅದಕ್ಕಾಗಿ ಹನ್ನೊಂದು ದಿನ ಚಿತ್ರ ಭಂಡಾರದ ಬೆಂಚು ಸವೆಸಿದೆ. ಅರ್ಜಿ ಕೊಟ್ಟರೆ ಮೊಹರಿಲ್ಲ ಎಂದರು. ಮೊಹರು ಹಾಕಿಸಿಕೊಂಡು ಹೋದರೆ ಬೀಗದ ಕೈ ಇಟ್ಟುಕೊಂಡವರು ರಜೆ. ಕೊನೆಗೆ ಡಬ್ಬ ತೆರೆದಾಗ ಹುಳಿ ವಾಸನೆ ಮೂಗಿಗೆ ರಾಚಿತು, ರೀಲಿನ ಅಂಚು ಒಣಗಿದ ಎಲೆಯಂತೆ ಸುರುಟಿತ್ತು. ಅಲ್ಲಿನ ವಯಸ್ಸಾದ ಮೇಲ್ವಿಚಾರಕರು ಎರಡು ದಿನ ಕೂತು ಬಿಡಿಸಿ, ಒಂದು ಪ್ರತಿ ಮಾಡಿಕೊಟ್ಟರು.

ಮೂಲ ರೀಲಿನಲ್ಲಿ ದೃಶ್ಯ ಏಳಲ್ಲ, ಹತ್ತೊಂಬತ್ತು ಸೆಕೆಂಡು ಇದೆ. ಎಂಟನೆಯ ಸೆಕೆಂಡಿಗೆ ಒದ್ದೆ ಬಟ್ಟೆಯ ಗಂಡಸೊಬ್ಬ ಬಂದು ಆಕೆಯ ಭುಜ ಹಿಡಿಯುತ್ತಾನೆ. ನನಗೆ ಅನುಮಾನ ಬಂತು. ಆ ಊರಿಗೇ ಹೋಗಿ, ದೋಣಿಯ ಟಿಕೆಟ್ ಕೊಡುವವರನ್ನು ಕೇಳಿ ಆಕೆಯ ಮನೆ ಹುಡುಕಿದೆ. ಬಾಗಿಲು ತೆರೆದದ್ದು ಆಕೆಯ ಗಂಡ. ನಿನ್ನ ನಿರೂಪಣೆಯಲ್ಲಿ ನೀರುಪಾಲಾಗಿರುವ ಅದೇ ಗಂಡ. ಟಿವಿಯಲ್ಲಿ ಆ ದೃಶ್ಯ ಬಂದಾಗಲೆಲ್ಲ, ಈ ವರ್ಷವೂ ಸತ್ತೆ ನೋಡು ಎನ್ನುತ್ತಾರಂತೆ.

ಆಕೆ ನಗಲಿಲ್ಲ. "ಇವರು ಈಜಿ ಬರೋದು ಕಾಣಿಸ್ತು, ಆ ಸಂತೋಷಕ್ಕೆ ಅತ್ತಿದ್ದು ನಾನು. ಪಕ್ಕದಲ್ಲೇ ನೆರೆಮನೆಯವಳು ನಿಂತಿದ್ಲು. ಅವಳ ಮಗ ಬರಲೇ ಇಲ್ಲ. ಅವಳ ಮುಂದೆ ಬಾಯಿ ಬಿಡೋದು ಹೇಗಮ್ಮ?" ಎಂದರು. ಆ ನೆರೆಯಾಕೆ ಹೋದ ವರ್ಷ ತೀರಿಕೊಂಡರಂತೆ. ಇನ್ನು ಮುಂದೆ ತೋರಿಸುವುದಾದರೆ ಪೂರ್ತಿ ತೋರಿಸಿ, ಇಲ್ಲದಿದ್ದರೆ ನನ್ನ ಮುಖವೇ ಬೇಡ ಎಂದು ಕಡ್ಡಿ ಮುರಿದಂತೆ ಹೇಳಿದರು.

ಇದನ್ನು ಹೇಳಿದರೆ ನೀನು ಅಂದದ್ದೇನು? "ಅಳು ಅಳುನೇ ಕಣೇ, ಯಾರಿಗೆ ಗೊತ್ತಾಗುತ್ತೆ?" ನನಗೆ ಗೊತ್ತಾಗಿದೆಯಲ್ಲ. ಚಿತ್ರದ ಆರಂಭವೇ ಕುಸಿದುಬೀಳುತ್ತದೆ ಎಂದು ನೀನು ಗೋಳಾಡಿದೆ. ಬೀಳಲಿ. ಕತ್ತರಿಸುವುದಿಲ್ಲ ಎಂದು ಬರೆದುಕೊಟ್ಟರೆ ಹತ್ತೊಂಬತ್ತು ಸೆಕೆಂಡನ್ನೂ ಕಳಿಸುತ್ತೇನೆ. ಅಲ್ಲಿಯವರೆಗೆ ಪ್ರತಿ ನನ್ನ ಬೀರುವಿನಲ್ಲೇ ಇರುತ್ತದೆ. ನನ್ನ ಜಾಗಕ್ಕೆ ಬೇರೆಯವರನ್ನು ಇಟ್ಟುಕೊಳ್ಳುವುದಾದರೆ ಇಟ್ಟುಕೋ. ಅಮ್ಮನಿಗೆ ಮಾತ್ರ ನೀನೇ ಹೇಳು.

ನಿನ್ನ ಮೊಂಡು ತಂಗಿ

ತಾ.ಕ.: ಇಷ್ಟು ವರ್ಷ ಎಲ್ಲರಿಗೂ ಈ ದೃಶ್ಯ ತೆಗೆದುಕೊಡುತ್ತಿದ್ದವರು ಯಾರು ಎಂದು ನಾನು ಹೊರಡುವಾಗ ಆಕೆ ಕೇಳಿದರು. ಗೊತ್ತಿಲ್ಲ ಎಂದುಬಿಟ್ಟೆ. ಹಿಂದೆ ಎರಡು ಚಿತ್ರಗಳಿಗೆ ಆ ಏಳು ಸೆಕೆಂಡು ಹುಡುಕಿಕೊಟ್ಟವಳು ನಾನೇ, ಅಕ್ಕಾ.