ಬಾಯಿಗೆ ಬಾರದ ಹೆಸರು

ಅಕ್ಕಾ,

ಇವತ್ತು ಬೆಳಿಗ್ಗೆ ಅಮ್ಮ ನಿನ್ನ ಮದುವೆಯ ಫೋಟೋ ಒರೆಸುವಾಗ ಭಾವನ ಮುಖವನ್ನೂ ಅಷ್ಟೇ ಜೋಪಾನವಾಗಿ ಒರೆಸಿದಳು. ನನ್ನ ಮೈಯೆಲ್ಲ ಉರಿಯಿತು.

ನೀನು ಜಾರಿಬಿದ್ದು ಸತ್ತೆ ಎಂದು ಪೊಲೀಸರು ಬರೆದು ಮುಗಿಸಿದ ಮೇಲೆ ಮ್ಯಾಜಿಸ್ಟ್ರೇಟರಿಗೆ ನಾನೇ ದೂರು ಕೊಟ್ಟಿದ್ದೆ. ಭಾವನಿಗೆ ಸಮನ್ಸ್ ಕಳಿಸುವ ಮೊದಲು ಅವರು ಸಾಕ್ಷಿಯನ್ನು ವಿಚಾರಿಸಬೇಕಂತೆ. ಮುಂಬಯಿಯ ಸಯನಿನಲ್ಲಿ ನಿಮ್ಮ ಚಾಳಿನಲ್ಲೇ ಇದ್ದ ಸೇವಂತಿಯಕ್ಕ ಕಂಡದ್ದನ್ನೆಲ್ಲ ಹೇಳಿದರು. ನಿನಗೆ ಹೊಡೆದವನ ಹೆಸರು ಕೇಳಿದಾಗ ಮಾತ್ರ ಸೆರಗು ಎಳೆದುಕೊಂಡರು.

"ನಮ್ಮವರದ್ದೂ ಅದೇ ಹೆಸರು ಸ್ವಾಮಿ. ಗಂಡನ ಹೆಸರು ಹೇಳ್ಲಿಕ್ಕುಂಟಾ?"

ಅವರ ಕನ್ನಡವನ್ನು ಕೋರ್ಟಿಗೆ ಮರಾಠಿಯಲ್ಲಿ ಹೇಳುತ್ತಿದ್ದ ದುಭಾಷಿ ನಕ್ಕ. "ಹಾಗಾದ್ರೆ ಸಮನ್ಸ್ ನಿಮ್ಮ ಯಜಮಾನರಿಗೇ ಕಳಿಸೋದಾ?"

ಇನ್ನೊಂದು ತಾರೀಖು ಸಿಕ್ಕಿದೆ. ದೂರಿನಲ್ಲಿ ನಾನು ಹೆಸರು ಬರೆದರೆ ಸಾಲದು, ಕಣ್ಣಾರೆ ಕಂಡವರೇ ಗುರುತಿಸಬೇಕಂತೆ. ಅಂದೂ ಹೊಡೆದವನು ಯಾರೆಂದು ಸೇವಂತಿಯಕ್ಕನಿಂದ ಗೊತ್ತಾಗದಿದ್ದರೆ ದೂರು ವಜಾ.

ಆಸ್ಪತ್ರೆಯಲ್ಲಿ ನೀನೂ ಕೊನೆತನಕ ಆ ಹೆಸರು ಹೇಳಲಿಲ್ಲ.

ಅಮ್ಮನ ಒಪ್ಪಿಗೆ ಕೇಳುವುದಿಲ್ಲ. ಫೋಟೋವನ್ನು ಗೋಡೆಯಿಂದ ಇಳಿಸಿ ಕೋರ್ಟಿಗೆ ಒಯ್ಯುತ್ತೇನೆ. ಸೇವಂತಿಯಕ್ಕ ಅವನ ಮುಖದ ಮೇಲೆ ಬೆರಳಿಡಲಿ.