ಅಜ್ಜಿ ನಾಚಿಕೊಂಡವಳಲ್ಲ

ಮತ್ತಿಗಿರಿ, ಹೊಸೂರು
೧೪ ಜುಲೈ ೨೦೨೪, ಭಾನುವಾರ

ಮಗಳೇ ಭೂಮಿಕಾ,

ಪುಣೆಯಲ್ಲಿ ಮಳೆ ಹಿಡಿದಿದೆಯೆಂದು ಓದಿದೆ. ನಿನ್ನ ಕೆಮ್ಮು ಕಡಿಮೆಯಾಯಿತೇ? ಎಡಿಟಿಂಗ್ ಕೋಣೆಯ ಎ.ಸಿ.ಯಲ್ಲಿ ಶಾಲು ಹೊದೆಯದೆ ಕೂರಬೇಡವೆಂದು ನಿನ್ನ ಅಮ್ಮ ಹೇಳಿದ್ದಾಳೆ. ನಾವಿಬ್ಬರೂ ಆರೋಗ್ಯವಾಗಿದ್ದೇವೆ. ಅಜ್ಜಿಯ ವಿಷಯ ಬೇರೆ. ಅದನ್ನು ಫೋನಿನಲ್ಲಿ ಹೇಳಲು ಹೊರಟಾಗಲೆಲ್ಲ ನೀರಿನ ಟ್ಯಾಂಕರಿನ ಮಾತಾಡಿ ಇಟ್ಟುಬಿಟ್ಟೆ.

‘ಕ್ಯಾಮೆರಾ ಕಂಡ್ರೆ ಅಜ್ಜಿ ನಾಚ್ಕೊಳ್ತಾಳೆ ಅಪ್ಪಾ, ನನ್ನ ಚಿತ್ರದಲ್ಲಿ ಅವಳ ಭಾಗ ಪೂರ್ತಿ ಬಿಟ್ಬಿಡ್ತೀನಿ’ ಎಂದು ಕಳೆದ ವಾರ ನೀನು ಹೇಳಿದೆ. ಅಜ್ಜಿ ನಾಚಿಕೊಂಡವಳಲ್ಲ. ಕಾಗೆಯನ್ನೂ ಮೂರು ಭಾಷೆಯಲ್ಲಿ ಬೈಯುವ ಹೆಂಗಸು ಅವಳು. ಅವಳ ಬಾಯಿ ಕಟ್ಟಿದವನು ನಾನು.

ಯಾರಿಗೂ ಏನೂ ಹೇಳಿಕೊಡುವುದಿಲ್ಲ, ಯಾರನ್ನೂ ಏನೂ ಕೇಳುವುದಿಲ್ಲ, ಮನೆ ಹೇಗಿದೆಯೋ ಹಾಗೆ ನೋಡುತ್ತ ಕೂರುತ್ತೇನೆ ಎಂದು ಡಿಸೆಂಬರಿನಲ್ಲಿ ನೀನು ಜಗಲಿಯ ಮೂಲೆಯಲ್ಲಿ ಕ್ಯಾಮೆರಾ ಇಟ್ಟೆ. ಅಜ್ಜಿಯೂ ಪಕ್ಕದ ಮನೆಯ ಅಂಜಿನಮ್ಮನೂ ಅವರೆಕಾಯಿ ಸುಲಿಯುವುದನ್ನು ದಿನಗಟ್ಟಲೆ ಚಿತ್ರೀಕರಿಸಿದೆ. ನೀನು ಏಳುವ ಮೊದಲೇ ನಾನು ಅಜ್ಜಿಗೆ ಪಾಠ ಹೇಳಿ ಮುಗಿಸಿರುತ್ತಿದ್ದೆ: ‘ಬತ್ತೀನಿ’ ಅನ್ನಬೇಡ, ನಡುವೆ ತೆಲುಗು ತರಬೇಡ, ತಮಿಳಿನಲ್ಲಿ ಬೈಯಬೇಡ, ಅಂಜಿನಮ್ಮನ ಸೊಸೆಯ ಸುದ್ದಿ ಎತ್ತಬೇಡ. ಕಾರ್ಖಾನೆಯಲ್ಲಿ ಮೈಸೂರು ಕಡೆಯ ಸಹೋದ್ಯೋಗಿಗಳು ‘ನಿಮ್ದು ಯಾವ ಸೀಮೆ ಕನ್ನಡ ರೀ?’ ಎಂದು ನಗುವುದನ್ನು ಬಹುಕಾಲ ಕೇಳಿದ್ದೇನೆ. ನಿನ್ನ ಚಿತ್ರ ನೋಡಿ ಅಂಥವರು ನಗಬಾರದೆಂದುಕೊಂಡೆ. ‘ಹಂಗಾದ್ರೆ ನಾನೇನ್ಲಾ ಮಾತಾಡ್ಲಿ, ರೇಡಿಯೋದೋಳಂಗೆ?’ ಎಂದವಳು ಆಮೇಲೆ ಕ್ಯಾಮೆರಾದ ಮುಂದೆ ಮಾತಾಡಲೇ ಇಲ್ಲ. ಕಾಯಿ ಸುಲಿಯುವ ಸದ್ದಷ್ಟೇ ನಿನಗೆ ಸಿಕ್ಕಿತು.

ಅಳತೆ ನನ್ನ ಕಸುಬು. ದಪ್ಪ ಅಳೆಯುವ ಮೈಕ್ರೋಮೀಟರಿನ ತಿರುಪನ್ನು ಹೆಚ್ಚು ಬಿಗಿದರೆ ಅಳತೆ ಸುಳ್ಳಾಗುತ್ತದೆಂದು ಹೊಸಬರಿಗೆ ಕಲಿಸುವವನು ನಾನೇ. ಮನೆಯಲ್ಲಿ ಅದು ಹೊಳೆಯಲಿಲ್ಲ.

ಅಜ್ಜಿಯ ಗಂಟಲಲ್ಲಿ ಗಡ್ಡೆಯಿದೆ. ಇದೇ ೨೯ರಂದು ಬೆಂಗಳೂರಿನಲ್ಲಿ ಶಸ್ತ್ರಚಿಕಿತ್ಸೆ. ಜೀವಕ್ಕೆ ಭಯವಿಲ್ಲವೆಂದು ಡಾಕ್ಟರು ಹೇಳಿದ್ದಾರೆ. ಧ್ವನಿಪೆಟ್ಟಿಗೆಯನ್ನು ಮಾತ್ರ ತೆಗೆಯಲೇಬೇಕಂತೆ. ಅವಳಿಗೂ ತಿಳಿಸಿದೆವು. ‘ನನ್ ಮಾತು ನಿಂತೋದ್ರೆ ಅಂಜಿನಮ್ಮನ ಸೊಸೆ ಒಬ್ಬಟ್ಟು ಮಾಡಿ ಹಂಚ್ತಾಳೆ ಕಣ್ಲಾ’ ಎಂದು ನಕ್ಕಳು. ಧ್ವನಿ ಈಗಾಗಲೇ ಒಡೆದಿದೆ. ಮಾತು ಮಾತ್ರ ಎಂದಿನಷ್ಟೇ ಇದೆ.

ಹೊತ್ತು ಹೊತ್ತಿಗೆ ಊಟ ಮಾಡು. ಹಿಡಿದ ಕೆಲಸ ನಿನ್ನ ಮನಸ್ಸಿಗೆ ಒಪ್ಪುವಂತೆ ಮುಗಿಯಲಿ.

ನಿನ್ನ ಅಪ್ಪ,
ಶಶಿಕುಮಾರ್

ತಾ.ಕ.: ಲಕೋಟೆ ಅಂಟಿಸುವ ಮುಂಚೆ ಬರೆಯುತ್ತಿದ್ದೇನೆ. ಈ ಕಾಗದ ಸಿಕ್ಕ ಕೂಡಲೇ ಕ್ಯಾಮೆರಾ ತೆಗೆದುಕೊಂಡು ಹೊರಟು ಬಾ. ನಿನ್ನನ್ನು ಕರೆಯುತ್ತೇನೆಂದಾಗ ಅಜ್ಜಿ, ‘ಬರ್ಲಿ ಬುಡು. ನೀನೊಬ್ಬ ಎದುರ್ಗಿರ್ಬೇಡ ಕಣ್ಲಾ, ನೀನಿದ್ರೆ ನಂಗೆ ಬಾಯೇ ಬರಲ್ಲ’ ಎಂದಳು. ಸರಿಯಾಗಿಯೇ ಹೇಳಿದಳು. ನೀನು ಬಂದ ದಿನವೇ ನಾನು ಗುಮ್ಮಳಾಪುರಕ್ಕೆ, ನಿನ್ನ ಸೋದರತ್ತೆಯ ಮನೆಗೆ ಹೋಗುತ್ತೇನೆ. ಆಸ್ಪತ್ರೆಗೆ ಸೇರಿಸುವ ಬೆಳಿಗ್ಗೆ ಬರುತ್ತೇನೆ. ಅವಳ ಉಳಿದ ಮಾತನ್ನು ನಾನು ನಿನ್ನ ಚಿತ್ರದಲ್ಲಿ ಕೇಳಿಕೊಳ್ಳುತ್ತೇನೆ.